ಅಕ್ಕನನ್ನು ಟೀಚರ್ ಮಾಡಲಿಲ್ಲ

ನನಗೆ ಇಬ್ಬರು ಮಕ್ಕಳು. ಮಗಳು ದೊಡ್ಡವಳು, ಮಗ ಅವಳಿಗಿಂತ ಮೂರು ವರ್ಷ ಚಿಕ್ಕವನು. ಅವನು ಹುಟ್ಟಿದಾಗಲೇ ನಾನೂ ಗಂಡನೂ ಒಂದು ಮಾತು ಆಡಿಕೊಂಡಿದ್ದೆವು. "ನೀನು ದೊಡ್ಡವಳು, ನೀನೇ ಬಿಟ್ಟುಕೊಡು" ಅಂತ ಮಗಳಿಗೆ ಹೇಳಬಾರದು. ಚಿಕ್ಕವನು ಅಕ್ಕನನ್ನು ನೋಡಿ ಕಲಿಯುವುದು ಹೇಗಿದ್ದರೂ ಕಲಿಯುತ್ತಾನೆ. ಅದಕ್ಕಾಗಿ ಅವಳು ಇಡೀ ದಿನ ಒಳ್ಳೆಯವಳಾಗಿ ಇರಬೇಕಾ?

ಕಪಾಟಿನಲ್ಲಿ ಅವಳಿಗೆ ಅಂತಲೇ ಒಂದು ಖಾನೆ ಬಿಟ್ಟೆವು. ಅದರಲ್ಲಿರುವುದನ್ನು ಅವಳು ಕೊಟ್ಟರೆ ಉಂಟು, ಇಲ್ಲದಿದ್ದರೆ ಇಲ್ಲ. ತಮಾಷೆ ಅಂದ್ರೆ, ಆಮೇಲೆ ಅವಳು ಕೊಡುವುದೇ ಜಾಸ್ತಿಯಾಯಿತು. ಅವನೂ ಕಿತ್ತುಕೊಳ್ಳುವುದು ಬಿಟ್ಟು ಕೇಳಲು ಶುರು ಮಾಡಿದ. ಹೇಗೆ ಕೇಳಿದರೆ ಅಕ್ಕ ಕರಗುತ್ತಾಳೆ ಅನ್ನುವುದನ್ನೂ ಬೇಗ ಕಂಡುಕೊಂಡ!

ಕೈ ಎತ್ತದಿದ್ದರೆ ಜಗಳದ ನಡುವೆ ನಾನು ಹೋಗುತ್ತಿರಲಿಲ್ಲ. ಅವಳ ಕೆಂಪು ಸ್ಕೆಚ್ ಪೆನ್ ಬಚ್ಚಿಡುವುದು ಅವನ ಚಾಳಿ. ಮೊದಮೊದಲು ದಿಂಬಿನ ಕೆಳಗಿಟ್ಟು, ಅವಳು ಹುಡುಕುವಾಗ ದಿಂಬನ್ನೇ ನೋಡಿ ಕಿಸಕ್ಕನೆ ನಗುತ್ತಿದ್ದ. ನಾಲ್ಕು ತುಂಬುವ ಹೊತ್ತಿಗೆ ಖಾಲಿ ಡಬ್ಬಿಯ ಕಡೆ ಕೈ ತೋರಿಸಿ, "ಅಲ್ಲಿ ನೋಡಿದ್ಯಾ ಅಕ್ಕಾ?" ಅನ್ನುವಷ್ಟು ಪಳಗಿದ. ಸುಳ್ಳೇ, ಸರಿ. ಆದರೆ ತನಗೆ ಗೊತ್ತಿರುವುದು ಅಕ್ಕನಿಗೆ ಗೊತ್ತಿಲ್ಲ ಅಂತ ತಿಳಿಯದೆ ಈ ಸುಳ್ಳು ಹೇಳೋಕಾಗಲ್ಲ, ಅಲ್ವಾ? ಮಕ್ಕಳಿಗೆ ಈ ತಿಳಿವಳಿಕೆ ಸಾಮಾನ್ಯವಾಗಿ ಮೂರರಿಂದ ಐದು ವರ್ಷದೊಳಗೆ ಬರುತ್ತದೆ. ಒಡಹುಟ್ಟಿದವರಿರುವ ಮಕ್ಕಳಿಗೆ ಸ್ವಲ್ಪ ಬೇಗ ಬರುತ್ತದೆ ಅಂತ 1994ರಲ್ಲಿ ಮನಃಶಾಸ್ತ್ರಜ್ಞ ಜೋಸೆಫ್ ಪೆರ್ನರ್ ಮತ್ತು ಜೊತೆಗಾರರು ಬರೆದಿದ್ದರು. ಆಮೇಲಿನ ಅಧ್ಯಯನಗಳಲ್ಲಿ ಕೆಲವು ಇದನ್ನು ಒಪ್ಪಿವೆ, ಕೆಲವು ಒಪ್ಪಿಲ್ಲ. ನಮ್ಮ ಮನೆಯಲ್ಲಂತೂ ಅವನ ಈ ಕಸರತ್ತಿಗೆಲ್ಲ ಅಕ್ಕನೇ ಬೇಕಿತ್ತು.

"ದೊಡ್ಡವರು ಜವಾಬ್ದಾರಿ, ಚಿಕ್ಕವರು ತುಂಟರು" ಅನ್ನುವ ಮಾತಿಗೆ ಮಾತ್ರ ನಾನು ತಲೆ ಕೆಡಿಸಿಕೊಳ್ಳಲಿಲ್ಲ. ಅಮೆರಿಕ, ಬ್ರಿಟನ್, ಜರ್ಮನಿಯ ಸುಮಾರು 20,000 ಜನರ ಮಾಹಿತಿ ನೋಡಿದ 2015ರ ಅಧ್ಯಯನದಲ್ಲಿ, ಹುಟ್ಟಿದ ಕ್ರಮಕ್ಕೂ ಸ್ವಭಾವಕ್ಕೂ ಹೇಳಿಕೊಳ್ಳುವಂಥ ನಂಟೇ ಕಾಣಲಿಲ್ಲ.

ಪಾಠ ಹೇಳಿಕೊಡುವುದು ನನ್ನ ಕೆಲಸ. ಮನಸ್ಸಿದ್ದರೆ ಅವಳೂ ಬಂದು ಕೂರುತ್ತಾಳೆ. ಮೊನ್ನೆ ಗಡಿಯಾರ ನೋಡುವುದನ್ನು ನಾನು ಎಷ್ಟು ಹೇಳಿದರೂ ಅವನ ತಲೆಗೆ ಹತ್ತಲಿಲ್ಲ. ಅವಳು ಬಂದವಳೇ ದೊಡ್ಡ ಮುಳ್ಳನ್ನು ಬೆರಳಿನಿಂದ ಮುಚ್ಚಿದಳು. "ಇದನ್ನ ಬಿಡು. ಚಿಕ್ಕ ಮುಳ್ಳು ಯಾವ ನಂಬರ್ ದಾಟಿದೆ ಹೇಳು" ಅಂದಳು. ತಾನು ಎಲ್ಲಿ ಎಡವಿದ್ದೆ ಅನ್ನುವುದು ಅವಳಿಗಿನ್ನೂ ನೆನಪಿದೆ, ನನಗೆ ಯಾವಾಗಲೋ ಮರೆತುಹೋಗಿದೆ. ಮಾರನೇ ದಿನ ಅವನು ಗಡಿಯಾರ ಹಿಡಿದು ಮತ್ತೆ ಅವಳ ಹತ್ತಿರ ಓಡಿದ. "ಈಗ ಬೇಡ, ನಾನು ಆಡ್ಬೇಕು" ಅಂದುಬಿಟ್ಟಳು. ಸರಿ, ಅವತ್ತು ನಾನೇ ಬೆರಳಿಟ್ಟು ಮುಳ್ಳು ಮುಚ್ಚಿದೆ.