ಡಾನ್ ನದಿಯ ಕಣಿವೆಯನ್ನು ಪ್ಲೈವುಡ್ಡಿಗೆ ಇಳಿಸಿದ ನನ್ನ ಅನುಭವ

ಟೊರಾಂಟೊದ ಡಾನ್ ನದಿಯ ಉಬ್ಬು ನಕ್ಷೆ ಮಾಡುತ್ತೇನೆ ಎಂದಾಗ ಇದೇ ಹವ್ಯಾಸದ ಗೆಳೆಯರೊಬ್ಬರು, "ಚರಂಡಿಯ ಮಾದರಿಗೆ ಇಷ್ಟು ಖರ್ಚೇ ಸ್ವಾಮಿ?" ಎಂದು ನಕ್ಕಿದ್ದರು. ಓಕ್ ರಿಡ್ಜಸ್ ದಿಬ್ಬಸಾಲಿನಲ್ಲಿ ಹುಟ್ಟಿ ಸುಮಾರು 38 ಕಿಲೋಮೀಟರ್ ಹರಿದು ಒಂಟಾರಿಯೊ ಸರೋವರ ಸೇರುವ ಈ ನದಿಗೆ ಹೇಳಿಕೊಳ್ಳುವಂಥ ಬೆಟ್ಟವಿಲ್ಲ.

ಮೊದಲ ಮಾದರಿ ಅವರ ಮಾತನ್ನೇ ನಿಜ ಮಾಡಿತು. ಪೂರ್ವ ಮತ್ತು ಪಶ್ಚಿಮ ಕವಲುಗಳು ಕೂಡುವಲ್ಲಿಂದ ನದಿಮುಖದವರೆಗಿನ ಸುಮಾರು 7 ಕಿಲೋಮೀಟರನ್ನು ಅಡ್ಡಕ್ಕೆ 1:5000, ಎತ್ತರಕ್ಕೆ 1:1000 ಪ್ರಮಾಣದಲ್ಲಿ ತೆಗೆದುಕೊಂಡು, 3 ಮಿಲಿಮೀಟರ್ ಪ್ಲೈವುಡ್ಡಿನ ಒಂದು ಪದರಕ್ಕೆ 3 ಮೀಟರ್ ಎಂದು ಲೆಕ್ಕ ಹಿಡಿದೆ. ಕಣಿವೆಯ ಗೋಡೆಗಳೇನೋ ಸೊಗಸಾಗಿ ಎದ್ದವು, ಆದರೆ ತಳವೆಲ್ಲ ಒಂದೇ ಹಲಗೆಯಾಗಿ ನದಿ ಬರಿಯ ಗೀರಾಯಿತು. ಸಾಲದ್ದಕ್ಕೆ ಚಳಿಗಾಲದ ಹೀಟರಿನ ಒಣಹವೆಗೆ ಮೇಲಿನ ನಾಲ್ಕು ಪದರಗಳು ಹಪ್ಪಳದಂತೆ ಸುರುಟಿಕೊಂಡವು. ಮರ, ಲೇಸರ್ ಯಂತ್ರದ ಬಾಡಿಗೆ ಸೇರಿ 160 ಡಾಲರಿನಷ್ಟು ನೀರಿಗೆ ಹಾಕಿದಂತಾಯಿತು.

ಎರಡನೆಯ ಸಲ ಸಮುದ್ರಮಟ್ಟವನ್ನು ಬಿಟ್ಟು, ಪ್ರತಿ ಜಾಗವೂ ಪಕ್ಕದ ನೀರಿನ ಮಟ್ಟಕ್ಕಿಂತ ಎಷ್ಟು ಮೇಲಿದೆ ಎಂದು ಅಳೆದೆ. ದತ್ತಾಂಶ ಕೆನಡಾ ಸರ್ಕಾರ ಉಚಿತವಾಗಿ ಕೊಡುವ 1 ಮೀಟರಿನ ಲೈಡಾರ್, ಅಂದರೆ ಲೇಸರ್ ಹಾಯಿಸಿ ಅಳೆದ ಬರಿ ನೆಲದ ಎತ್ತರ; ಉಳಿದದ್ದು ನಕ್ಷೆ ತಂತ್ರಾಂಶವಾದ ಕ್ಯೂಜಿಐಎಸ್‌ನಲ್ಲಿ ಈ ಹವ್ಯಾಸದವರೆಲ್ಲ ಮಾಡುವ ಕೆಲಸವೇ. ಎಡವಿದ್ದು ನೀರಿನ ಮಟ್ಟವನ್ನು ಕಣಿವೆಯ ಎರಡೂ ಬದಿಗೆ ಹರಡಲು ಎಳೆಯುವ ಅಡ್ಡಗೆರೆಗಳಲ್ಲಿ: ನದಿಯ ನಡುಗೆರೆಗೆ ಲಂಬವಾಗಿ ಎಳೆದವು ತಿರುವು ತಿರುವಿನಲ್ಲೂ ಒಂದನ್ನೊಂದು ಕತ್ತರಿಸಿ, ಇಳಿಜಾರಿನ ಮೇಲೆ ಇಲ್ಲದ ಮೆಟ್ಟಿಲುಗಳನ್ನು ಹುಟ್ಟಿಸಿದವು. ನದಿಯನ್ನು ಮರೆತು ಇಡೀ ಕಣಿವೆಯ ಅಕ್ಷಕ್ಕೆ ಲಂಬವಾಗಿ ಎಳೆದ ಮೇಲಷ್ಟೇ ಅವು ಮಾಯವಾದವು. ಆಮೇಲೆ ಎಷ್ಟು ನಯಗೊಳಿಸಿದೆ ಎಂಬ ಸಂಖ್ಯೆ ಸದ್ಯ ನನ್ನಲ್ಲೇ ಇರಲಿ.

ನೀರಿನಿಂದ ಮೊದಲ 6 ಮೀಟರಿಗೆ, ಮೀಟರಿಗೊಂದರಂತೆ, 1 ಮಿಲಿಮೀಟರ್ ರಟ್ಟು, ಅದರ ಮೇಲೆ ಪ್ಲೈವುಡ್. ಪ್ರಮಾಣ ಎಲ್ಲೂ ಕೆಡಲಿಲ್ಲ, ಆದರೂ ತಳದ ಏರಿಳಿತಗಳು ಬೆರಳಿಗೆ ಸಿಕ್ಕವು. ನೀರಿನ ಮಟ್ಟದಿಂದಲೇ ಅಳೆದದ್ದರಿಂದ ನದಿ ಮಾತ್ರ ಉದ್ದಕ್ಕೂ ಸಪಾಟಾಯಿತು. "ಇಳಿಜಾರೇ ಇಲ್ಲದ್ದು ನದಿಯೇ?" ಎಂಬ ಆಕ್ಷೇಪ ಬಂದಾಗ, ಉತ್ತರದ ತುದಿಯ ಕೆಳಗೆ ಒಂದು ಬೆರಳು ದಪ್ಪದ ಬೆಣೆ ಸೇರಿಸಿ ಇಡೀ ಹಲಗೆಯನ್ನೇ ಓರೆ ಮಾಡಿದೆ, ನದಿಗೆ ಅದರ ಇಳಿಜಾರು ಮರಳಿ ಸಿಕ್ಕಿತು. ಇಷ್ಟು ಸರಳವಾದದ್ದು ಹೊಳೆಯಿತಲ್ಲ ಎಂಬ ಸಣ್ಣ ಹೆಮ್ಮೆ ನನಗಿದೆ.

1880ರ ದಶಕದಲ್ಲಿ ನದಿಯ ಕೆಳಭಾಗವನ್ನು ನೇರಗೊಳಿಸುವ ಮುನ್ನ ಇದ್ದ ಹಳೆಯ ತಿರುವುಗಳೂ ಕಾಣಬಹುದೆಂದು ಆಸೆಪಟ್ಟಿದ್ದೆ. ಒಂದೂ ಕಾಣಲಿಲ್ಲ, ರೈಲು ದಾರಿ, ರಸ್ತೆ, ತುಂಬಿದ ಮಣ್ಣು ಎಲ್ಲವನ್ನೂ ಮುಚ್ಚಿಹಾಕಿವೆ. ಕೊನೆಗೆ ಹಳೆಯ ನಕ್ಷೆಯಿಂದ ನಕಲಿಳಿಸಿ ಕಪ್ಪು ಮರದ ಪಟ್ಟಿಯಾಗಿ ಕೂರಿಸಿದೆ. ಹಾಗೆಯೇ, ಲೈಡಾರ್ ಅಳಿಸಿಹಾಕಿದ್ದ 1918ರ ಪ್ರಿನ್ಸ್ ಎಡ್ವರ್ಡ್ ಸೇತುವೆಯನ್ನು ಕಡ್ಡಿಗಳಿಂದ ಕಟ್ಟಿದೆ: ಉದ್ದ 10 ಸೆಂಟಿಮೀಟರ್, ಎತ್ತರ 4. ಎತ್ತರವನ್ನು ಐದು ಪಟ್ಟು ಹಿಗ್ಗಿಸಿದ ತಪ್ಪಿಗೆ ಅದು ಕೊಕ್ಕರೆಯಂತೆ ನಿಂತಿತು, ಕಿತ್ತು ಹಾಕಿದೆ. ಪ್ರವಾಹ ನೋಡಲೆಂದು ವಾರ್ನಿಷ್ ಬಳಿದು ನೀರು ಸುರಿದ ಪ್ರಯೋಗದಲ್ಲಿ ತಿಳಿದದ್ದು ಒಂದೇ, ರಟ್ಟು ಉಬ್ಬುತ್ತದೆ ಎಂದು. ಆ ಭಾಗವನ್ನು ಮತ್ತೆ ಕತ್ತರಿಸಲು 40 ಡಾಲರ್ ಹೋಯಿತು.

ಒಟ್ಟು ಖರ್ಚು 450 ಡಾಲರಿನ ಆಸುಪಾಸು. ನಕ್ಕಿದ್ದ ಗೆಳೆಯರು ಈಗ ಕಡತ ಕೇಳುತ್ತಿದ್ದಾರೆ. ದಕ್ಷಿಣದ ತುಂಡಿಗೆ ಮಾತ್ರ ಅಂಟು ಹಾಕದೆ, ಮುಂದೆ ಬದಲಿಸಲೆಂದು ತಿರುಪು ಹಾಕಿದ್ದೇನೆ. ನದಿ ಸರೋವರ ಸೇರುವಲ್ಲಿನ ಬಂದರು ಪ್ರದೇಶ ಪೋರ್ಟ್ ಲ್ಯಾಂಡ್ಸ್‌ನಲ್ಲಿ ನದಿಗೆ ಹೊಸ ಮುಖವನ್ನೇ ತೋಡಿದ್ದಾರೆ, ನನ್ನ ದತ್ತಾಂಶದಲ್ಲಿ ಅದು ಇನ್ನೂ ಕೀಟಿಂಗ್ ಕಾಲುವೆಗೆ ಲಂಬಕೋನದಲ್ಲಿ ತಿರುಗುತ್ತಿದೆ.