ವಿಕಾಸವೃಕ್ಷವನ್ನು ಗಂಟಿನಿಂದ ಓದುವುದು: ಮನುಷ್ಯನ ಕವಲು ಹಿಡಿದು ಒಂದು ಕೈಪಿಡಿ

ವಿಕಾಸವೃಕ್ಷದ ಚಿತ್ರ ಕಂಡಾಗ ಹೆಚ್ಚಿನವರ ಕಣ್ಣು ಮೊದಲು ಹೋಗುವುದು ತುದಿಯಲ್ಲಿರುವ ಹೆಸರುಗಳ ಮೇಲೆ. ಯಾವ ಹೆಸರಿನ ಪಕ್ಕ ಯಾವುದಿದೆ ಎಂದು ನೋಡಿ ಯಾರು ಯಾರಿಗೆ ಹತ್ತಿರ ಎಂದು ತೀರ್ಮಾನಿಸಿಬಿಡುತ್ತಾರೆ. ತಪ್ಪು ಶುರುವಾಗುವುದೇ ಅಲ್ಲಿ. ಹೆಸರುಗಳು ಯಾವ ಕ್ರಮದಲ್ಲಿ ನಿಂತಿವೆ ಎಂಬುದಕ್ಕೆ ಅರ್ಥವಿಲ್ಲ. ನೋಡಬೇಕಾದ್ದು ಗೆರೆಗಳು ಕೂಡುವ ಗಂಟುಗಳನ್ನು. ಒಂದೊಂದು ಗಂಟೂ ಒಂದು ಪೂರ್ವಜ ಪ್ರಭೇದ. ಅಲ್ಲಿಂದ ಹೊರಟ ಗೆರೆಗಳು ಅದರ ಸಂತತಿ.

ಒಂದು ಹಾಳೆಯಲ್ಲಿ ಈ ಸಾಲನ್ನು ಬರೆದುಕೊಳ್ಳಿ:

(((ಮಂಗ, ಸಿಂಗಳೀಕ), ಮುಸುವ), ((ಮನುಷ್ಯ, ಚಿಂಪಾಂಜಿ), ಗೊರಿಲ್ಲಾ))

ಕಂಪ್ಯೂಟರ್ ಕಡತಗಳಲ್ಲಿ ಮರವನ್ನು ಬರೆದಿಡುವುದು ಹೀಗೆಯೇ. ಈ ಬರವಣಿಗೆಗೆ ನ್ಯೂವಿಕ್ ಎಂದು ಹೆಸರು. ಒಂದು ಜೊತೆ ಕಂಸ ಎಂದರೆ ಒಂದು ಗಂಟು. ಅತಿ ಒಳಗಿನ ಕಂಸದಿಂದ ಶುರುಮಾಡಿ ಹೊರಕ್ಕೆ ಬನ್ನಿ: ಮಂಗ ಮತ್ತು ಸಿಂಗಳೀಕದ ಗೆರೆಗಳನ್ನು ಕೂಡಿಸಿ, ಆ ಗಂಟಿನಿಂದ ಒಂದು ಗೆರೆ ಎಳೆದು ಮುಸುವದ ಗೆರೆಗೆ ಸೇರಿಸಿ. ಇನ್ನೊಂದು ಬದಿಯಲ್ಲೂ ಹಾಗೇ ಮಾಡಿ, ಕೊನೆಗೆ ಎರಡೂ ಬದಿ ಕೂಡುವಲ್ಲಿ ಬೇರು. ಈಗ ಗಂಟುಗಳನ್ನು ಎಣಿಸಿ. ಆರು ತುದಿಗೆ ಐದು ಗಂಟು ಬರಬೇಕು. ಎಲ್ಲ ಗಂಟಿನಿಂದಲೂ ಎರಡೇ ಕವಲು ಹೊರಟಿದ್ದರೆ ಗಂಟುಗಳ ಸಂಖ್ಯೆ ತುದಿಗಳಿಗಿಂತ ಯಾವತ್ತೂ ಒಂದು ಕಡಿಮೆ. ಲೆಕ್ಕ ತಾಳೆಯಾಗದಿದ್ದರೆ ಎಲ್ಲೋ ಕಂಸ ಬಿಟ್ಟುಹೋಗಿದೆ, ಇಲ್ಲವೇ ಮೂರು ಕವಲು ಒಂದೇ ಗಂಟಿಗೆ ಬಂದಿವೆ. ಪ್ರಕಟವಾದ ಮರಗಳಲ್ಲಿ ಇಂಥ ಮೂರು ಕವಲಿನ ಗಂಟು ಕಂಡರೆ, ಬಹುಮಟ್ಟಿಗೆ ಅದು ಯಾವುದು ಮೊದಲು ಬೇರಾಯಿತೋ ತಿಳಿದಿಲ್ಲ ಎಂದು ಬರೆದವರು ಒಪ್ಪಿಕೊಂಡಂತೆ.

ಈಗ ಒಂದು ಪ್ರಶ್ನೆ. ಮಂಗ, ಮುಸುವ ಇವೆರಡರಲ್ಲಿ ಮನುಷ್ಯನಿಗೆ ಹತ್ತಿರದ್ದು ಯಾವುದು? ಒಂದು ಬೆರಳನ್ನು ಮನುಷ್ಯನ ಮೇಲೆ, ಇನ್ನೊಂದನ್ನು ಮಂಗನ ಮೇಲೆ ಇಟ್ಟು ಎರಡನ್ನೂ ಬೇರಿನ ಕಡೆಗೆ ಸರಿಸಿ. ಎರಡೂ ಕೂಡುವುದು ಬೇರಿನಲ್ಲೇ. ಮುಸುವದಿಂದ ಹೊರಟರೂ ಅದೇ ಗಂಟು. ಹಾಗಾಗಿ ಎರಡೂ ಸಮಾನ ದೂರ. ಮುಸುವವನ್ನು ಮನುಷ್ಯನ ಪಕ್ಕದಲ್ಲೇ ಬರೆದಿದ್ದೀರಿ, ಆದರೆ ಆ ನೆರೆ ಲೆಕ್ಕಕ್ಕಿಲ್ಲ. ಯಾವುದೇ ಗಂಟಿನ ಎರಡು ಕವಲುಗಳನ್ನು ಅದಲುಬದಲು ಮಾಡಿದರೂ ಮರ ಅದೇ. ಮಂಗವನ್ನು ಮನುಷ್ಯನ ಪಕ್ಕಕ್ಕೆ ತರುವಂತೆ ಮತ್ತೊಮ್ಮೆ ಬಿಡಿಸಿ ನೋಡಿ. ಈ ಒಂದು ಅಭ್ಯಾಸ ಮಾಡಿದವರು ಮತ್ತೆ ಆ ತಪ್ಪಿಗೆ ಬೀಳುವುದಿಲ್ಲ.

ಇದೇ ಚಿತ್ರದಲ್ಲಿ ಇನ್ನೊಂದು ಹಳೆಯ ಪ್ರಶ್ನೆಗೂ ಉತ್ತರವಿದೆ: ಚಿಂಪಾಂಜಿಯಿಂದ ಮನುಷ್ಯ ಬಂದಿದ್ದರೆ ಚಿಂಪಾಂಜಿ ಇನ್ನೂ ಯಾಕಿದೆ? ಚಿಂಪಾಂಜಿ ತುದಿಯಲ್ಲಿದೆ, ಗಂಟಿನಲ್ಲಿಲ್ಲ. ದೊಡ್ಡಪ್ಪನ ಮಗ ನಿಮ್ಮ ಅಜ್ಜನಾಗಲು ಸಾಧ್ಯವಿಲ್ಲ. ಇಬ್ಬರಿಗೂ ಅಜ್ಜ ಒಬ್ಬನೇ, ಅಷ್ಟೆ. ಬಗ್ಗಿದ ವಾನರ ಹೆಜ್ಜೆಹೆಜ್ಜೆಗೂ ನೆಟ್ಟಗಾಗಿ ಕೊನೆಗೆ ಮನುಷ್ಯನಾಗುವ ಆ ಸಾಲುಚಿತ್ರವಿದೆಯಲ್ಲ, ಅದನ್ನು ಪಾಠ ಹೇಳುವಾಗ ಬಳಸದಿರುವುದೇ ಒಳ್ಳೆಯದು. ಪಳೆಯುಳಿಕೆಗಳಿಗೂ ಇದೇ ನಿಯಮ. 1974ರಲ್ಲಿ ಇಥಿಯೋಪಿಯಾದ ಹಡಾರ್‌ನಲ್ಲಿ ಸಿಕ್ಕ, ಸುಮಾರು 32 ಲಕ್ಷ ವರ್ಷ ಹಳೆಯ ‘ಲೂಸಿ’ಯನ್ನು ಮರದಲ್ಲಿ ಒಂದು ಗಿಡ್ಡ ಪಕ್ಕದ ಕವಲಿನ ತುದಿಗೆ ಇಡುತ್ತಾರೆ. ಅವಳ ಪ್ರಭೇದ ನಮ್ಮ ನೇರ ಪೂರ್ವಜವೇ ಆಗಿದ್ದಿರಬಹುದು, ಆದರೆ ಮೂಳೆ ನೋಡಿ ಅಷ್ಟು ಖಚಿತವಾಗಿ ಹೇಳಲಾಗದು.

ಮುಂದಿನ ಹೆಜ್ಜೆ, ಮರವನ್ನು ಕೈಯಾರೆ ಕಟ್ಟುವುದು. ಡಿಎನ್‌ಎ ಅಕ್ಷರಗಳನ್ನು ಒಂದಕ್ಕೊಂದು ಜೋಡಿಸಿ ಹೋಲಿಸಿದಾಗ ಒಂಟಿ ಅಕ್ಷರಗಳ ವ್ಯತ್ಯಾಸ ಮನುಷ್ಯ–ಚಿಂಪಾಂಜಿ ನಡುವೆ ಸುಮಾರು ಶೇ 1.2. ಗೊರಿಲ್ಲಾಗೂ ಈ ಇಬ್ಬರಲ್ಲಿ ಒಬ್ಬೊಬ್ಬರಿಗೂ ಸುಮಾರು ಶೇ 1.6. ಒರಾಂಗುಟಾನ್‌ಗೂ ಈ ಮೂವರಿಗೂ ಸುಮಾರು ಶೇ 3.1. ಅತಿ ಕಡಿಮೆ ಅಂಕಿ ಹುಡುಕಿ: 1.2. ಆ ಜೋಡಿಯನ್ನು ಕೂಡಿಸಿ. ಗಂಟಿನ ಎತ್ತರ ಅದರ ಅರ್ಧ, 0.6, ಏಕೆಂದರೆ ವ್ಯತ್ಯಾಸ ಎರಡೂ ಕವಲಲ್ಲಿ ಹಂಚಿಹೋಗಿದೆ. ಇನ್ನು ಆ ಜೋಡಿಯನ್ನು ಒಂದೇ ಘಟಕವೆಂದುಕೊಂಡು ಗೊರಿಲ್ಲಾದಿಂದ ಸರಾಸರಿ ದೂರ ತೆಗೆಯಿರಿ: 1.6. ಗಂಟು 0.8ರಲ್ಲಿ. ಕೊನೆಗೆ ಒರಾಂಗುಟಾನ್, 1.55ರಲ್ಲಿ. ಎತ್ತರಗಳನ್ನು ಅಳತೆಪಟ್ಟಿ ಹಿಡಿದು, 0.1ಕ್ಕೆ ಒಂದು ಸೆಂಟಿಮೀಟರ್‌ನಂತೆ ಎಳೆಯಿರಿ.

ಎಳೆದ ಮೇಲೆ ಎದ್ದು ಕಾಣಬೇಕಾದ್ದು ಒಂದು: ಗೊರಿಲ್ಲಾದ ಗಂಟಿಗೂ ಚಿಂಪಾಂಜಿಯ ಗಂಟಿಗೂ ನಡುವೆ ಬರೀ ಎರಡು ಸೆಂಟಿಮೀಟರ್. ಈ ಗಿಡ್ಡ ತುಂಡಿನಲ್ಲೇ ಮನುಷ್ಯನ ವಂಶಾವಳಿಯ ಅತಿ ಕುತೂಹಲದ ಸಂಗತಿ ಅಡಗಿದೆ. ಗೊರಿಲ್ಲಾ ಕವಲೊಡೆದ ಸ್ವಲ್ಪ ಕಾಲಕ್ಕೇ ನಾವೂ ಚಿಂಪಾಂಜಿಯೂ ಬೇರಾದೆವು. ಅಷ್ಟು ಬೇಗ ಕವಲೊಡೆದರೆ, ಪೂರ್ವಜರ ಗುಂಪಿನಲ್ಲಿದ್ದ ಒಂದೇ ಜೀನಿನ ಹಲವು ರೂಪಗಳು ಒಂದಕ್ಕೆ ಇಳಿಯುವಷ್ಟು ಸಮಯ ಸಿಗುವುದಿಲ್ಲ. ಯಾವ ರೂಪ ಯಾರ ಪಾಲಿಗೆ ಉಳಿಯಿತು ಎಂಬುದು ಅದೃಷ್ಟದ ಮಾತಾಗುತ್ತದೆ. 2012ರಲ್ಲಿ ಗೊರಿಲ್ಲಾದ ಜೀನೋಮ್ (ಇಡೀ ಡಿಎನ್‌ಎಯ ಓದು) ಪ್ರಕಟವಾದಾಗ ಕಂಡದ್ದು ಇದೇ: ಜೀನೋಮಿನ ಸುಮಾರು ಶೇ 30 ಭಾಗದಲ್ಲಿ ಮನುಷ್ಯ–ಚಿಂಪಾಂಜಿ ಜೋಡಿ ಸಿಗುವುದಿಲ್ಲ, ಅಲ್ಲಿ ಗೊರಿಲ್ಲಾ ನಮಗೋ ಚಿಂಪಾಂಜಿಗೋ ಹತ್ತಿರ ಬರುತ್ತದೆ. ಹಾಗಾಗಿ ಒಂದೇ ಜೀನ್ ಹಿಡಿದು ಕಟ್ಟಿದ ಮರ ಆ ಜೀನಿನ ಮರ, ಪ್ರಭೇದಗಳ ಮರ ಎಂದು ಹೇಳಲಾಗದು. ನಿಮ್ಮ ಮರ ಪುಸ್ತಕದ ಮರಕ್ಕಿಂತ ಬೇರೆ ಬಂದರೆ ಕೂಡಲೇ ಗಾಬರಿಯಾಗಬೇಡಿ. ಇನ್ನಷ್ಟು ಜೀನ್ ಹಿಡಿದು ನೋಡಿ.

ಎತ್ತರವನ್ನು ವರ್ಷಕ್ಕೆ ತಿರುಗಿಸುವಾಗ ಮಾತ್ರ ಎಚ್ಚರ. ಒರಾಂಗುಟಾನ್ ಕವಲು 1.4 ಕೋಟಿ ವರ್ಷದ ಹಿಂದಿನದು ಎಂದಿಟ್ಟುಕೊಂಡರೆ, 1.2ನ್ನು 3.1ರಿಂದ ಭಾಗಿಸಿ 140 ಲಕ್ಷದಿಂದ ಗುಣಿಸಿ: ಚಿಂಪಾಂಜಿಯ ಕವಲಿಗೆ ಸುಮಾರು 54 ಲಕ್ಷ ವರ್ಷ. ಆದರೆ 2001ರಲ್ಲಿ ಆಫ್ರಿಕಾದ ಚಾಡ್‌ನಲ್ಲಿ ಸಿಕ್ಕ ಸಹೆಲಾಂತ್ರೋಪಸ್ ಎಂಬ ಪಳೆಯುಳಿಕೆ ಸುಮಾರು 70 ಲಕ್ಷ ವರ್ಷ ಹಳೆಯದು, ಅದನ್ನು ಮನುಷ್ಯನ ಕವಲಿಗೇ ಸೇರಿಸುವವರು ಬಹಳ ಮಂದಿ. ಲೆಕ್ಕ ಎಲ್ಲಿ ತಪ್ಪಿತು? ಬದಲಾವಣೆಯ ವೇಗ ಎಲ್ಲ ಕವಲಲ್ಲೂ, ಎಲ್ಲ ಕಾಲದಲ್ಲೂ ಒಂದೇ ಎಂದು ನಾವು ಊಹಿಸಿಕೊಂಡದ್ದರಲ್ಲಿ. ತಂದೆ, ತಾಯಿ, ಮಗು ಮೂವರ ಡಿಎನ್‌ಎ ಹೋಲಿಸಿದರೆ ಮಗುವಿನಲ್ಲಿ ಸುಮಾರು 60–70 ಹೊಸ ಬದಲಾವಣೆ ಸಿಗುತ್ತವೆ. ಈ ವೇಗ ಹಿಂದೆ ಪಳೆಯುಳಿಕೆ ಆಧರಿಸಿ ಹಾಕಿದ್ದ ವೇಗದ ಹೆಚ್ಚುಕಡಿಮೆ ಅರ್ಧ; ವೇಗ ಕಡಿಮೆಯಾದಷ್ಟೂ ಕವಲಿನ ಕಾಲ ಹಿಂದಕ್ಕೆ ಸರಿಯುತ್ತದೆ. ಒಂದೇ ಖಚಿತ ವರ್ಷ ಹೇಳುವ ಮರಕ್ಕಿಂತ, ಇಷ್ಟರಿಂದ ಇಷ್ಟರೊಳಗೆ ಎಂದು ವ್ಯಾಪ್ತಿ ತೋರಿಸುವ ಮರವೇ ನಂಬಿಕೆಗೆ ಅರ್ಹ. ಚಿತ್ರದಲ್ಲಿ ಅಳತೆಗೆರೆ ಇದೆಯೇ ಎಂದೂ ನೋಡಿ. ಇಲ್ಲದಿದ್ದರೆ ಗೆರೆಯ ಉದ್ದಕ್ಕೆ ಅರ್ಥ ಹಚ್ಚಬೇಡಿ.

ಕಂಪ್ಯೂಟರಿನಲ್ಲಿ ಮಾಡುವುದಾದರೆ ಉಚಿತವಾಗಿ ಸಿಗುವ ಮೆಗಾ (MEGA) ಎಂಬ ತಂತ್ರಾಂಶ ಸಾಕು.

1. ಡಿಎನ್‌ಎ ಸರಣಿಗಳ ಸಾರ್ವಜನಿಕ ಭಂಡಾರವಾದ ಜೆನ್‌ಬ್ಯಾಂಕ್‌ನಿಂದ ಮನುಷ್ಯ, ಚಿಂಪಾಂಜಿ, ಬೊನೊಬೊ, ಗೊರಿಲ್ಲಾ, ಒರಾಂಗುಟಾನ್ ಮತ್ತು ಯಾವುದಾದರೂ ಒಂದು ಮಂಗನ ಮೈಟೊಕಾಂಡ್ರಿಯಾದ ಸೈಟೊಕ್ರೋಮ್ ಬಿ ಜೀನ್ ಇಳಿಸಿಕೊಳ್ಳಿ. ಉದ್ದ ಸುಮಾರು 1,140 ಅಕ್ಷರ.

2. ಜೀನ್ ಕೋಡ್ ಕೇಳಿದಾಗ ‘ಕಶೇರುಕ ಮೈಟೊಕಾಂಡ್ರಿಯಾ’ ಆರಿಸಿ. ಸಾಮಾನ್ಯ ಕೋಡನ್ನೇ ಉಳಿಸಿಕೊಂಡರೆ ಟಿಜಿಎ ಎಂಬ ಮೂರಕ್ಷರ ಬಂದಲ್ಲೆಲ್ಲ ಪ್ರೋಟೀನ್ ತುಂಡಾದಂತೆ ಕಾಣುತ್ತದೆ. ಸರಿಯಾದ ಕೋಡಿನಲ್ಲೂ ನಡುವೆ ತುಂಡಾದರೆ ಅದು ಕೋಶಕೇಂದ್ರದೊಳಗೆ ಸೇರಿಹೋದ ಹಳೆಯ ನಕಲಿರಬಹುದು. ಆ ಸರಣಿ ಬಿಡಿ.

3. ಮಸಲ್ (MUSCLE) ವಿಧಾನದಲ್ಲಿ ಕೋಡಾನ್ ಪ್ರಕಾರ, ಅಂದರೆ ಮೂರು ಮೂರು ಅಕ್ಷರವಾಗಿ, ಜೋಡಿಸಿ. ಮೂರರ ಗುಣಕವಲ್ಲದ ಖಾಲಿ ಜಾಗ ಬಂದರೆ ಜೋಡಣೆ ಕೆಟ್ಟಿದೆ.

4. ನೆಯ್ಬರ್ ಜಾಯ್ನಿಂಗ್ ವಿಧಾನ ಆರಿಸಿ, ಬೂಟ್‌ಸ್ಟ್ರ್ಯಾಪ್ (ಅದೇ ದತ್ತಾಂಶದಿಂದ ಮತ್ತೆಮತ್ತೆ ಮಾದರಿ ತೆಗೆದು ಮರ ಕಟ್ಟಿ, ಗಂಟು ಶೇಕಡ ಎಷ್ಟು ಸಲ ಬರುತ್ತದೆ ಎಂದು ನೋಡುವುದು) 1,000 ಕೊಡಿ. ಮೇಲೆ ಕೈಯಲ್ಲಿ ಮಾಡಿದ ಸರಾಸರಿ ವಿಧಾನಕ್ಕೆ ಎಲ್ಲ ಕವಲೂ ಒಂದೇ ವೇಗದಲ್ಲಿ ಬದಲಾಗಿರಬೇಕು; ಇದಕ್ಕೆ ಆ ಕಟ್ಟುಪಾಡಿಲ್ಲ.

5. ಮಂಗನ ಗೆರೆಯ ಮೇಲೆ ಬೇರು ಇಡಿ.

ಐದನೆಯದನ್ನು ಮರೆಯುವವರೇ ಹೆಚ್ಚು. ತಂತ್ರಾಂಶ ತೋರಿಸುವ ಮರ ಬೇರಿದ್ದಂತೆ ಕಂಡರೂ ಅದಕ್ಕೆ ನಿಜವಾಗಿ ಬೇರಿಲ್ಲ; ಹೊರಗುಂಪನ್ನು, ಇಲ್ಲಿ ಮಂಗವನ್ನು, ನೀವೇ ತೋರಿಸಿಕೊಡಬೇಕು. ಗಂಟಿನ ಪಕ್ಕದ ಬೂಟ್‌ಸ್ಟ್ರ್ಯಾಪ್ ಅಂಕಿ 70ಕ್ಕಿಂತ ಕಡಿಮೆಯಿದ್ದರೆ ಆ ಗಂಟಿನ ಮೇಲೆ ಭಾರ ಹಾಕಬೇಡಿ. 100 ಬಂದರೂ ನಿಮ್ಮ ದತ್ತಾಂಶ ಆ ಗಂಟನ್ನು ಗಟ್ಟಿಯಾಗಿ ಹೇಳುತ್ತಿದೆ ಎಂದಷ್ಟೇ ಅರ್ಥ. ದತ್ತಾಂಶವೇ ದಾರಿ ತಪ್ಪಿಸಿದರೆ ತಪ್ಪು ಗಂಟಿಗೂ 100 ಬೀಳುತ್ತದೆ.

ನಮ್ಮದೇ ಪ್ರಭೇದದ ಹತ್ತಿರ ಬಂದಂತೆ ಮರದ ಆಕಾರವೇ ಸಾಲದಾಗುತ್ತದೆ. ಮರದಲ್ಲಿ ಬೇರಾದ ಕವಲು ಮತ್ತೆ ಕೂಡುವುದಿಲ್ಲ. ನಮ್ಮ ಪೂರ್ವಜರು ಕೂಡಿದರು. 2010ರಲ್ಲಿ ವಿಜ್ಞಾನಿ ಸ್ವಾಂಟೆ ಪೇಬೊ ಅವರ ತಂಡ, ಅಳಿದುಹೋದ ನಮ್ಮ ಹತ್ತಿರದ ಬಂಧು ನಿಯಾಂಡರ್ತಾಲ್‌ನ ಜೀನೋಮಿನ ಕರಡು ಪ್ರಕಟಿಸಿದಾಗ, ಆಫ್ರಿಕಾದ ಹೊರಗಿನ ಜನರಲ್ಲಿ ನಿಯಾಂಡರ್ತಾಲ್ ಅಂಶವಿದೆ ಎಂದು ಗೊತ್ತಾಯಿತು. ಈಗಿನ ಅಂದಾಜು ಸುಮಾರು ಶೇ 2. ಭಾರತೀಯರೂ ಇದರಲ್ಲಿ ಸೇರಿದ್ದಾರೆ. ಇಂಥ ಕಡೆ ಕವಲಿನಿಂದ ಕವಲಿಗೆ ಅಡ್ಡಬಾಣ ಹಾಕಬೇಕು. ಬಾಣವಿಲ್ಲದ ಚಿತ್ರ ಅರ್ಧ ಕಥೆ.

ವಂಶಾವಳಿ ತಿಳಿಸುವ ಡಿಎನ್‌ಎ ಪರೀಕ್ಷೆಯ ವರದಿ ಕೈಯಲ್ಲಿದ್ದರೆ ಅದರ ತಾಯಿಸಾಲಿನ (ತಾಯಿಯಿಂದ ಬರುವ ಮೈಟೊಕಾಂಡ್ರಿಯಾ ಡಿಎನ್‌ಎಯ) ಗುಂಪನ್ನೂ ಗಂಟಿನಿಂದಲೇ ಓದಿ. ಆಫ್ರಿಕಾದ ಎಲ್3 ಗಂಟಿನಿಂದ ಎಂ ಮತ್ತು ಎನ್ ಎಂಬ ಗುಂಪುಗಳು ಹೊರಟವು. ಎನ್‌ನಿಂದ ಆರ್, ಆರ್‌ನಿಂದ ಯು. ಭಾರತದಲ್ಲಿ ಅತಿ ಹೆಚ್ಚು ಕಾಣುವುದು ಎಂ. ಎಲ್ಲ ಗೆರೆಗಳೂ ಕೊನೆಗೆ ಕೂಡುವ ಗಂಟೇ ‘ಮೈಟೊಕಾಂಡ್ರಿಯಾದ ಈವ್’; ರೆಬೆಕಾ ಕ್ಯಾನ್, ಮಾರ್ಕ್ ಸ್ಟೋನ್‌ಕಿಂಗ್, ಅಲನ್ ವಿಲ್ಸನ್ 1987ರಲ್ಲಿ 147 ಜನರ ಮೈಟೊಕಾಂಡ್ರಿಯಾ ಡಿಎನ್‌ಎ ಹೋಲಿಸಿ ಅದನ್ನು ಸುಮಾರು 2 ಲಕ್ಷ ವರ್ಷ ಹಿಂದಕ್ಕೆ ಇಟ್ಟರು. ಆಗ ಆಕೆಯೊಬ್ಬಳೇ ಹೆಂಗಸಿದ್ದಳು ಎಂದಲ್ಲ. ಉಳಿದವರ ತಾಯಿಸಾಲು, ಮಗಳಿಂದ ಮಗಳಿಗೆ ಸಾಗದೆ, ಎಲ್ಲೋ ನಿಂತುಹೋಯಿತು.

ಈ ವರದಿ ಹೇಳುವುದು ತಾಯಿಯ ತಾಯಿಯ ತಾಯಿಯ ಒಂದೇ ಗೆರೆಯ ಮಾತು. ಹತ್ತು ತಲೆಮಾರು ಹಿಂದಕ್ಕೆ ಹೋದರೆ ನಿಮಗೆ 1,024 ಪೂರ್ವಜರ ಸ್ಥಾನಗಳಿವೆ, ಮೈಟೊಕಾಂಡ್ರಿಯಾ ಬಂದದ್ದು ಅವರಲ್ಲಿ ಒಬ್ಬಳಿಂದ. ಆದ್ದರಿಂದ ಗುಂಪಿನ ಹೆಸರು ನೋಡಿ ಊರು, ಜಾತಿ, ಭಾಷೆಯನ್ನು ಊಹಿಸಲು ಹೋಗಬೇಡಿ. ಭಾರತದ ಸಮುದಾಯಗಳನ್ನು ಕವಲೊಡೆಯುವ ಮರವಾಗಿ ಬಿಡಿಸುವುದಕ್ಕೂ ಇದೇ ಆಕ್ಷೇಪ: ಹೈದರಾಬಾದಿನ ಸಿಸಿಎಂಬಿ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಭಾಗವಹಿಸಿದ್ದ 2009ರ ಅಧ್ಯಯನದಲ್ಲಿ ಹೆಚ್ಚಿನ ಸಮುದಾಯಗಳು ಎರಡು ಹಳೆಯ ಮೂಲಗಳ ಬೆರಕೆಯಾಗಿ ಕಂಡವು, ಪ್ರಮಾಣ ಮಾತ್ರ ಬೇರೆಬೇರೆ. ಅಲ್ಲಿ ಬಿಡಿಸಬೇಕಾದ್ದು ಬೆರಕೆಯ ಪಾಲು ತೋರಿಸುವ ಪಟ್ಟಿಚಿತ್ರ.