ಪಿಕ್ಚರ್ ಲಾಕ್‌ವರೆಗೆ, ಅದರಾಚೆಗೆ

ಫ್ರೀಲ್ಯಾನ್ಸ್ ಎಡಿಟರ್‌ಗೆ ಮುಂದಿನ ಸಿನಿಮಾ ಸಿಗುವುದು ಕಟ್ ಚೆನ್ನಾಗಿತ್ತು ಅಂತಷ್ಟೇ ಅಲ್ಲ, ಡಿಐನವರಿಂದ (ಬಣ್ಣ ತಿದ್ದಿ ಚಿತ್ರಕ್ಕೆ ಕೊನೆಯ ರೂಪ ಕೊಡುವವರು), ಸೌಂಡ್‌ನವರಿಂದ ದೂರು ಬರಲಿಲ್ಲ ಅಂತಲೂ. ಅದಕ್ಕೇ ನನ್ನ ಲೆಕ್ಕ ಶುರುವಾಗುವುದು ಕೊನೆಯಿಂದ.

ಶೂಟಿಂಗಿಗೆ ಮುಂಚೆಯೇ ಕೇಳಿಕೊಳ್ಳುತ್ತೇನೆ: ಕ್ಯಾಮೆರಾ ಸೆಕೆಂಡಿಗೆ 24 ಫ್ರೇಮಿನಲ್ಲೋ, 23.976ರಲ್ಲೋ? ಥಿಯೇಟರಿಗೆ ಹೋಗುವ ಚಿತ್ರಕ್ಕೆ ನೇರ 24. ಧ್ವನಿ 48 ಕಿಲೋಹರ್ಟ್ಸ್, 24 ಬಿಟ್. 23.976ರಲ್ಲಿ ತೆಗೆದದ್ದನ್ನು 24ರ ಪ್ರಾಜೆಕ್ಟಿನಲ್ಲಿ ಫ್ರೇಮಿಗೆ ಫ್ರೇಮ್ ಓಡಿಸಿದರೆ ಸಾವಿರಕ್ಕೊಂದು ಫ್ರೇಮ್ ಜಾರುತ್ತದೆ. ಕ್ಲಾಪ್ ಬಿದ್ದಲ್ಲಿ ಸಿಂಕ್ ಸರಿಯಾಗೇ ಕಾಣುತ್ತದೆ. 5 ನಿಮಿಷದ ಟೇಕಿನ ಕೊನೆಗೆ ಬರುವಷ್ಟರಲ್ಲಿ 7 ಫ್ರೇಮ್ ಹೋಗಿರುತ್ತದೆ, ತುಟಿ ಒಂದು ಕಡೆ, ಮಾತು ಇನ್ನೊಂದು ಕಡೆ. ಉದ್ದದ ಟೇಕಿನ ತಲೆ ಮಾತ್ರವಲ್ಲ, ಬಾಲವನ್ನೂ ನೋಡಬೇಕು.

ಪ್ರಾಕ್ಸಿಗೆ, ಅಂದರೆ ಎಡಿಟಿಂಗಿಗೆ ಬಳಸುವ ಹಗುರ ನಕಲಿಗೆ, 1080ರ 'ಪ್ರೋರೆಸ್ ಪ್ರಾಕ್ಸಿ' ಫಾರ್ಮ್ಯಾಟ್ ಸಾಕು. ಗಂಟೆಗೆ ಸುಮಾರು 16 ಜಿಬಿ, ಅಂದರೆ 40 ಗಂಟೆಯ ಫುಟೇಜ್ 1 ಟಿಬಿ ಎಸ್‌ಎಸ್‌ಡಿಯಲ್ಲಿ ಆರಾಮಾಗಿ ಕೂರುತ್ತದೆ. ಫೈಲ್ ಹೆಸರು, ಟೈಮ್‌ಕೋಡ್ (ಪ್ರತಿ ಫ್ರೇಮಿನ ಗಂಟೆ:ನಿಮಿಷ:ಸೆಕೆಂಡ್:ಫ್ರೇಮ್ ಗುರುತು), ಆಡಿಯೊ ಚಾನೆಲ್‌ಗಳ ಸಂಖ್ಯೆ ಮೂಲದಲ್ಲಿದ್ದಂತೆಯೇ ಇರಬೇಕು. ಯಾರಾದರೂ ಅಸಿಸ್ಟೆಂಟ್ ಅಚ್ಚುಕಟ್ಟಾಗಿರಲಿ ಅಂತ 'ಸೀನ್ 14 ಟೇಕ್ 2' ಎಂದು ಹೆಸರು ಬದಲಿಸಿದರೆ ಕನ್ಫರ್ಮ್ ದಿನ, ಅಂದರೆ ಪ್ರಾಕ್ಸಿ ತೆಗೆದು ಮೂಲ ಫೈಲ್ ಜೋಡಿಸುವ ದಿನ, ಫೈಲ್ ಸಿಗದೆ ಟೈಮ್‌ಲೈನ್ ಪೂರ್ತಿ ಕೆಂಪು. ಸೀನ್, ಟೇಕ್ ನಂಬರ್ ಮೆಟಾಡೇಟಾದಲ್ಲಿ ಬರೆದುಕೊಳ್ಳಲಿ.

ಪಿಕ್ಚರ್ ಲಾಕ್ ಆದಮೇಲೆ, ಅಂದರೆ ಕಟ್ ಇನ್ನು ಬದಲಾಗುವುದಿಲ್ಲ ಅಂತಾದಮೇಲೆ, ಚಿತ್ರವನ್ನು 20 ನಿಮಿಷ ಮೀರದ ರೀಲ್‌ಗಳಾಗಿ ಒಡೆಯುತ್ತೇನೆ; ಹಾಡಿನ ಅಥವಾ ಹಿನ್ನೆಲೆ ಸಂಗೀತದ ನಡುವೆ ಒಡೆಯುವುದಿಲ್ಲ. ಮೊದಲ ರೀಲಿನ ಚಿತ್ರ 01:00:08:00ಕ್ಕೆ ಶುರು. ಅದಕ್ಕೆ 2 ಸೆಕೆಂಡ್ ಮೊದಲು, 01:00:06:00ರಲ್ಲಿ, ಒಂದೇ ಫ್ರೇಮಿನ ಬೀಪ್. ಗಂಟೆಯ ಅಂಕೆ ರೀಲಿನ ನಂಬರ್, ಹಾಗಾಗಿ ಎರಡನೇ ರೀಲ್ 02ರಿಂದ. ಕೊನೆಯ ಫ್ರೇಮಿನ ನಂತರ 2 ಸೆಕೆಂಡಿಗೆ ಇನ್ನೊಂದು ಬೀಪ್. ಈ ಎರಡು ಬೀಪ್ ಕೂತರೆ ಮಿಕ್ಸ್ ಜಾರಿಲ್ಲ ಅಂತ ಕೇಳಿಯೇ ಗೊತ್ತಾಗುತ್ತದೆ. ಸೌಂಡಿಗೆ ಎಎಎಫ್ (ಧ್ವನಿ ತುಂಡುಗಳನ್ನು ಅವುಗಳ ಜಾಗದ ಸಮೇತ ಒಯ್ಯುವ ಫೈಲ್), ಪ್ರತಿ ತುಂಡಿನ ಎರಡೂ ಕಡೆ ಕನಿಷ್ಠ 48 ಫ್ರೇಮ್ ಹ್ಯಾಂಡಲ್, ಅಂದರೆ ಹೆಚ್ಚುವರಿ ಧ್ವನಿ, ಜೊತೆಗೆ ಟೈಮ್‌ಕೋಡ್ ಮೂಡಿಸಿದ ವಿಡಿಯೊ. ಡಿಐಗೆ ಕಟ್‌ಗಳ ವಿವರ ಇರುವ ಎಕ್ಸ್‌ಎಂಎಲ್, ಇಡಿಎಲ್ ಫೈಲ್ ಎರಡೂ. ಸ್ಪೀಡ್ ರ‍್ಯಾಂಪ್‌ಗಳನ್ನು (ಶಾಟಿನೊಳಗೆ ವೇಗ ಏರಿಳಿಯುವುದು) ಈ ಫೈಲ್‌ಗಳು ಸರಿಯಾಗಿ ಒಯ್ಯುತ್ತವೆ ಅಂತ ನಂಬಬೇಡಿ, ಪಟ್ಟಿ ಮಾಡಿ ಕೊಡಿ.

ಸೆನ್ಸಾರ್‌ನಲ್ಲಿ ಆಕ್ಷೇಪ ಬಂದರೆ ಕತ್ತರಿಸುವುದು ಕೊನೆಯ ದಾರಿ. ಸಾಧ್ಯವಾದಲ್ಲೆಲ್ಲ ಮ್ಯೂಟ್, ಇಲ್ಲವೇ ಅಷ್ಟೇ ಉದ್ದದ ಬೇರೆ ಶಾಟ್ ಕೇಳಿ ನೋಡುತ್ತೇನೆ. ಉದ್ದ ಬದಲಾದರೆ ಮುಗಿದ ಮಿಕ್ಸನ್ನು ಮತ್ತೆ ಬಿಚ್ಚಬೇಕು.

ದುಡ್ಡು: ಮುಂಗಡ ಶೇ. 25, ರಫ್ ಕಟ್ಟಿಗೆ 25, ಲಾಕ್‌ಗೆ 40, ಫೈಲ್ ಒಪ್ಪಿಸುವಾಗ 10. 'ರಿಲೀಸ್ ಆದಮೇಲೆ' ಅನ್ನುವ ಕಂತು ಒಪ್ಪುವುದಿಲ್ಲ. ಸಣ್ಣ ಚಿತ್ರಗಳಲ್ಲಿ ಆ ದಿನ ಬರದೇ ಹೋಗಬಹುದು. ಲಾಕ್ ಕಂತು ಬರುವವರೆಗೆ ಹೊರಗೆ ಹೋಗುವುದು ವಾಟರ್‌ಮಾರ್ಕ್ ಇರುವ 720ರ ವಿಡಿಯೊ ಮಾತ್ರ. ಲಾಕ್ ಒಡೆದರೆ ದಿನಗೂಲಿ, ದರ ಕರಾರಿನಲ್ಲೇ. ಟಿಡಿಎಸ್ (ದುಡ್ಡು ಕೊಡುವಾಗಲೇ ಮುರಿದುಕೊಳ್ಳುವ ತೆರಿಗೆ) ಶೇ. 10 ಹಿಡಿದರೆಂದರೆ ಆದಾಯ ತೆರಿಗೆ ಪೋರ್ಟಲಿನಲ್ಲಿ ನಿಮ್ಮ ಹೆಸರಿಗೆ ಅದು ಬಿದ್ದಿದೆಯಾ ಅಂತ ಮೂರು ತಿಂಗಳಿಗೊಮ್ಮೆ ನೋಡಿ; ವರ್ಷ ಕಳೆದ ಮೇಲೆ ಪ್ರೊಡಕ್ಷನ್ ಆಫೀಸಿನ ಬೋರ್ಡೇ ಇರುವುದಿಲ್ಲ.